ಕಾಶಿಯನ್ನು ಕುರಿತ ಗ್ರಂಥಗಳು: ಕ್ಷೇತ್ರಮಹಿಮೆಯಿಂದ ಜನಜೀವನದೆಡೆಗೆ

ಕಾಶಿ, ವಾರಾಣಸಿ, ಅವಿಮುಕ್ತ, ಆನಂದಕಾನನ, ಮಹಾಶ್ಮಶಾನ ಎಂಬ ಹಲವು ಹೆಸರುಗಳನ್ನು ಪಡೆದಿರುವ ನಗರವನ್ನು ಕುರಿತು ಸಂಸ್ಕೃತದಲ್ಲಿಯೂ ಹಿಂದಿ, ತೆಲುಗು, ಇಂಗ್ಲಿಷ್ ಮುಂತಾದ ಭಾಷೆಗಳಲ್ಲಿಯೂ ವಿಪುಲವಾದ ಸಾಹಿತ್ಯ ಬೆಳೆದುಬಂದಿದೆ. ಈ ಸಾಹಿತ್ಯದ ಬಹುಭಾಗ ದೇವರು, ತೀರ್ಥ ಮತ್ತು ಮರಣವನ್ನು ಕುರಿತದ್ದು. ಅಲ್ಲಿ ಹುಟ್ಟಿ, ದುಡಿದು, ಹಾಡಿ, ಹಬ್ಬ ಮಾಡಿ ಬದುಕುವ ಜನ ಗ್ರಂಥಗಳೊಳಗೆ ಪ್ರವೇಶ ಪಡೆದದ್ದು ಬಹಳ ತಡವಾಗಿ. ಜಾನಪದ ಅಧ್ಯಯನದ ದೃಷ್ಟಿಯಿಂದ ಈ ವಿಳಂಬವೇ ಪರಿಶೀಲನೆಗೆ ಯೋಗ್ಯವಾದ ಸಂಗತಿ.

ಕ್ಷೇತ್ರಮಹಿಮೆಯ ಗ್ರಂಥಗಳಲ್ಲಿ ಸ್ಕಾಂದಪುರಾಣದ ಭಾಗವೆನಿಸಿರುವ ಕಾಶೀಖಂಡ ಸುಪ್ರಸಿದ್ಧವಾದುದು. ನೂರು ಅಧ್ಯಾಯಗಳ ಈ ಕೃತಿಯನ್ನು 15ನೆಯ ಶತಮಾನದಲ್ಲಿ ಶ್ರೀನಾಥ ಕವಿ ತೆಲುಗಿಗೆ ತಂದನು. ಗಾಹಡವಾಲ ದೊರೆ ಗೋವಿಂದಚಂದ್ರನ ಮಂತ್ರಿ ಲಕ್ಷ್ಮೀಧರ 12ನೆಯ ಶತಮಾನದಲ್ಲಿ ರಚಿಸಿದ ‘ಕೃತ್ಯಕಲ್ಪತರು’ವಿನ ತೀರ್ಥವಿವೇಚನಕಾಂಡದಲ್ಲಿ ಈ ನಗರಕ್ಕೇ ದೊಡ್ಡ ಪಾಲು ಸಂದಿದೆ. ಪೈಠಣದಿಂದ ಬಂದು ಕಾಶಿಯಲ್ಲಿ ನೆಲೆಸಿದ ವಿದ್ವತ್ಕುಲದ ನಾರಾಯಣಭಟ್ಟ 16ನೆಯ ಶತಮಾನದಲ್ಲಿ ಪ್ರಯಾಗ, ಕಾಶಿ, ಗಯೆಗಳನ್ನು ಕುರಿತು ‘ತ್ರಿಸ್ಥಲೀಸೇತು’ ಎಂಬ ಗ್ರಂಥವನ್ನು ಬರೆದನು. ಲಿಂಗವೇ ಇಲ್ಲದಿರುವ ಕಾಲದಲ್ಲಿಯೂ ಆ ಸ್ಥಾನಕ್ಕೆ ಪ್ರದಕ್ಷಿಣ ನಮಸ್ಕಾರಾದಿಗಳನ್ನು ಸಲ್ಲಿಸಬೇಕೆಂಬ ಅವನ ವಿಧಿ ಗಮನಾರ್ಹವಾದುದು. ವಿಗ್ರಹಕ್ಕಿಂತ ನೆಲವೇ ಹಿರಿದೆಂಬ ಈ ಭಾವನೆ ಜನಪದರ ಸ್ಥಳಭಕ್ತಿಗೆ ಬಲು ಸಮೀಪದ್ದಾಗಿದೆ.

19ನೆಯ ಶತಮಾನದಲ್ಲಿ ಎಣಿಕೆ, ನಕ್ಷೆ ಮತ್ತು ಚಿತ್ರಗಳು ಬಂದವು. ಮುಂದೆ ಬ್ರಾಹ್ಮೀ ಲಿಪಿಯನ್ನು ಓದಿ ಹೆಸರಾದ ಜೇಮ್ಸ್ ಪ್ರಿನ್ಸೆಪ್ 1820ರಿಂದ 1830ರವರೆಗೆ ಇಲ್ಲಿನ ಟಂಕಸಾಲೆಯಲ್ಲಿ ಅಧಿಕಾರಿಯಾಗಿದ್ದನು. ಅವನು ನಗರದ ನಕ್ಷೆಯನ್ನು ತಯಾರಿಸಿದನು, ಜನಗಣತಿ ನಡೆಸಿದನು, ಘಟ್ಟ ಬೀದಿಗಳ ಶಿಲಾಮುದ್ರಿತ ಚಿತ್ರಗಳನ್ನು 1831ರಿಂದ 1834ರ ಅವಧಿಯಲ್ಲಿ ಪ್ರಕಟಿಸಿದನು. ಕ್ರೈಸ್ತ ಪಾದ್ರಿ ಎಂ. ಎ. ಶೆರಿಂಗ್‌ನ 1868ರ ಗ್ರಂಥವೂ ಇ. ಬಿ. ಹ್ಯಾವೆಲ್‌ನ 1905ರ ಗ್ರಂಥವೂ ಇದೇ ಮಾರ್ಗದಲ್ಲಿ ಬಂದವು. ಇವೆಲ್ಲ ಹೊರಗಿನವರು ಕಂಡ ಕಾಶಿ. ಇದೇ ಕಾಲದಲ್ಲಿ ದಕ್ಷಿಣದ ಯಾತ್ರಿಕನೊಬ್ಬ ಕಂಡ ಕಾಶಿಯೂ ದಾಖಲೆಯಾಯಿತು. 1830ರ ಮೇ ತಿಂಗಳಲ್ಲಿ ಮದರಾಸಿನಿಂದ ಹೊರಟ ಏನುಗುಲ ವೀರಾಸ್ವಾಮಿ ಮರಳಿದ್ದು ಮರುವರ್ಷ. ಅವನ ತೆಲುಗು ‘ಕಾಶೀಯಾತ್ರಾ ಚರಿತ್ರ’ 1838ರಲ್ಲಿ ಅಚ್ಚಾಯಿತು. ದಾರಿಯ ಊರು, ತಂಗುದಾಣ, ದೊರೆಯುವ ಪದಾರ್ಥಗಳ ವಿವರವನ್ನು ಕೊಡುವ ಈ ಕೃತಿಯನ್ನು ಪ್ರಿನ್ಸೆಪ್‌ನ ಚಿತ್ರಗಳ ಜೊತೆಗಿಟ್ಟು ಓದಿದವರು ವಿರಳ.

ಸಮಗ್ರ ಇತಿಹಾಸದ ಗೌರವ ಮೋತಿಚಂದ್ರರ ‘ಕಾಶೀ ಕಾ ಇತಿಹಾಸ್’ (1962) ಗ್ರಂಥಕ್ಕೆ ಸಲ್ಲಬೇಕು. 1940ರಲ್ಲಿ ರಾಜಘಾಟಿನ ದಿಬ್ಬವನ್ನು ರೈಲ್ವೆ ಕಾಮಗಾರಿಗಾಗಿ ಅಗೆದಾಗ ದೊರೆತ ಮಣ್ಣಿನ ಮುದ್ರೆಗಳು ಮತ್ತು ಅನಂತರದ ಉತ್ಖನನಗಳು ಪುರಾಣದ ನಗರಕ್ಕೆ ಮಣ್ಣಿನ ಆಧಾರವನ್ನು ಒದಗಿಸಿದವು. ಡಯಾನಾ ಎಕ್ 1982ರಲ್ಲಿ ಇಂಗ್ಲಿಷಿನಲ್ಲಿ ಪ್ರಕಟಿಸಿದ ‘ಬನಾರಸ್: ಸಿಟಿ ಆಫ್ ಲೈಟ್’ ಜಗತ್ತಿನಾದ್ಯಂತ ಓದುಗರನ್ನು ಪಡೆಯಿತು. ಮಾಹಾತ್ಮ್ಯ ಗ್ರಂಥಗಳನ್ನೂ ಇಂದಿನ ಗುಡಿ ತೀರ್ಥಗಳನ್ನೂ ಹೊಂದಿಸಿ ನೋಡಿದ ಅದರ ಪರಿಶ್ರಮ ಅಸಾಧಾರಣವಾದುದು. ಆದರೆ ಗ್ರಂಥಗಳನ್ನು ಕೈದೀವಿಗೆಯಾಗಿ ಹಿಡಿದು ನಡೆದಾಗ ಗ್ರಂಥ ಹೇಳಿದ ಜಾಗಗಳಷ್ಟೇ ಬೆಳಗುತ್ತವೆ. ಮಗ್ಗದ ಮನೆ ಕತ್ತಲೆಯಲ್ಲಿಯೇ ಉಳಿಯುತ್ತದೆ.

ಆ ಮಗ್ಗದ ಮನೆಗೆ ಹೋದವರು ನೀತಾ ಕುಮಾರ್. ಅವರ ‘ದಿ ಆರ್ಟಿಸನ್ಸ್ ಆಫ್ ಬನಾರಸ್’ (1988) ನೇಕಾರರು, ಲೋಹದ ಕೆಲಸದವರು ಹಾಗೂ ಮರಗೆಲಸದವರ ಬದುಕನ್ನು 1880ರಿಂದ 1986ರವರೆಗೆ ಪರಿಶೀಲಿಸುತ್ತದೆ. ಈ ಕುಶಲಕರ್ಮಿಗಳನ್ನು ಅವರ ದುಡಿಮೆಯಿಂದ ಮಾತ್ರ ಅಳೆಯದೆ ಬಿಡುವಿನಿಂದಲೂ ಅಳೆದದ್ದು ಈ ಗ್ರಂಥದ ವಿಶೇಷ. ಗರಡಿ, ಜಾತ್ರೆ, ಬಿರಹಾ ಮತ್ತು ಕಜರಿ ಹಾಡುಗಾರಿಕೆ, ಗುಡಿಗಳ ಶೃಂಗಾರೋತ್ಸವ, ಊರಾಚೆಗೆ ಹೋಗಿ ಸ್ನಾನ ಮುಗಿಸಿ ಹಾಯಾಗಿ ಹೊತ್ತು ಕಳೆಯುವ ‘ಬಹ್ರೀ ಅಲಂಗ್’ ಇವೇ ಅವರು ತಮ್ಮನ್ನು ಬನಾರಸಿಗಳೆಂದು ಗುರುತಿಸಿಕೊಳ್ಳುವ ಕುರುಹುಗಳು. ಬಹುಸಂಖ್ಯೆಯ ನೇಕಾರರು ಮುಸಲ್ಮಾನರು. ‘ಜುಲಾಹಾ’ ಎಂಬ ಹೆಸರನ್ನು ಒಲ್ಲದೆ ‘ಅನ್ಸಾರಿ’ ಎಂದು ಕರೆದುಕೊಳ್ಳುವವರು. ಜಗತ್ತು ಈ ಊರನ್ನು ಎರಡನೆಯದಾಗಿ ನೆನೆಯುವುದು ರೇಷ್ಮೆ ಸೀರೆಯಿಂದ. ಅದನ್ನು ನೇಯುವವರಿಗೆ ಕ್ಷೇತ್ರಮಹಿಮೆಯ ಗ್ರಂಥಗಳಲ್ಲಿ ಒಂದು ಸಾಲಿನ ಜಾಗವೂ ಇಲ್ಲ.

ಜೊನಾಥನ್ ಪ್ಯಾರಿಯ ‘ಡೆತ್ ಇನ್ ಬನಾರಸ್’ (1994) ಇನ್ನೊಂದು ದಿಕ್ಕಿನಿಂದ ಹೊರಡುತ್ತದೆ. ಇದರ ವಸ್ತು ಸಾವಿನ ಸುತ್ತ ಬದುಕುವ ಸಮುದಾಯಗಳು: ಡೋಮರು, ಮಹಾಬ್ರಾಹ್ಮಣರು, ಪಂಡಾಗಳು, ಕ್ಷೌರಿಕರು, ದೋಣಿಯವರು. ಮಣಿಕರ್ಣಿಕೆಯಲ್ಲಿ ಚಿತೆಗೆ ಬೆಂಕಿ ಒದಗಿಸುವ ಹಕ್ಕು ಡೋಮ ಕುಟುಂಬಗಳ ನಡುವೆ ಸರದಿಯಂತೆ ಹಂಚಿಕೆಯಾಗಿದ್ದು, ಅದನ್ನು ‘ಪಾರಿ’ ಎನ್ನುತ್ತಾರೆ. ತಲೆಮಾರಿನಿಂದ ತಲೆಮಾರಿಗೆ ಪಾಲಾಗುತ್ತ ಬರುವ ಈ ಸರದಿಯನ್ನು ಒತ್ತೆ ಇಡಬಹುದು, ಮಾರಬಹುದು. ಮೋಕ್ಷದ ಬಾಗಿಲಿನಲ್ಲಿ ಪಾಲು, ಪತ್ರ, ವ್ಯಾಜ್ಯಗಳ ಇಷ್ಟೊಂದು ಲೋಕವ್ಯವಹಾರ ಇರುವುದನ್ನು ಯಾವ ಪುರಾಣವೂ ಹೇಳಲಿಲ್ಲ. ಅಸ್ಸಾ ಡೊರಾನ್ 2008ರ ತಮ್ಮ ಗ್ರಂಥದಲ್ಲಿ ದೋಣಿಯವರ ಜೀವನವನ್ನು ಪ್ರತ್ಯೇಕವಾಗಿ ಅಭ್ಯಸಿಸಿ ಇದೇ ಜಾಡನ್ನು ಮುಂದುವರಿಸಿದರು.

ಕನ್ನಡ ಓದುಗರಿಗೆ ಮಾತ್ರ ಈ ಶ್ಮಶಾನ ಹೊಸದಲ್ಲ. ರಾಘವಾಂಕನ ‘ಹರಿಶ್ಚಂದ್ರ ಕಾವ್ಯ’ದಲ್ಲಿ ದೊರೆ ತನ್ನನ್ನು ಮಾರಿಕೊಳ್ಳುವುದೂ ವೀರಬಾಹುವಿನ ಆಳಾಗಿ ಸುಡುಗಾಡು ಕಾಯುವುದೂ ಕಾಶಿಯಲ್ಲಿಯೇ. ಹೆಣ ಸುಡಲು ತೆರ ಕೊಡಬೇಕೆಂಬ ಕಥಾಸಂದರ್ಭ ಪ್ಯಾರಿ ದಾಖಲಿಸಿದ ಪಾರಿ ಪದ್ಧತಿಯ ಎದುರು ನಿಂತಾಗ ಕಾವ್ಯಕ್ಕೆ ಹೊಸ ಅರ್ಥ ಬರುತ್ತದೆ. ಶ್ಮಶಾನದ ಒಡೆತನವನ್ನು ಒಂದು ಅಧಿಕಾರವಾಗಿ ಕಂಡ ಕವಿ 13ನೆಯ ಶತಮಾನದಲ್ಲಿಯೇ ಕನ್ನಡದಲ್ಲಿದ್ದನೆಂಬುದು ಕಾಶಿಯ ವಿದ್ವಾಂಸರಿಗೆ ತಲುಪಬೇಕಾದ ವಿಷಯ.

ಪ್ರದರ್ಶನ ಪರಂಪರೆಯನ್ನು ಕುರಿತ ಕೃತಿಗಳಲ್ಲಿ ಅನುರಾಧಾ ಕಪೂರ್ ಅವರ ರಾಮನಗರದ ರಾಮಲೀಲೆಯ ಅಧ್ಯಯನ (1990) ಮತ್ತು ತುಳಸೀ ರಾಮಾಯಣದ ಪಠಣ ಪ್ರವಚನಗಳನ್ನು ಕುರಿತ ಫಿಲಿಪ್ ಲುಟ್ಗೆಂಡಾರ್ಫ್ ಅವರ ಗ್ರಂಥ (1991) ಉಲ್ಲೇಖಾರ್ಹವಾದವು. ಹಿಂದಿಯ ಸೃಜನಶೀಲ ಲೇಖಕರು ಇನ್ನೂ ಮುಂಚೆಯೇ ಈ ಲೋಕವನ್ನು ಹಿಡಿದಿದ್ದರು. ರುದ್ರ ಕಾಶಿಕೇಯರ ‘ಬಹತೀ ಗಂಗಾ’ (1952) ಎರಡು ಶತಮಾನಗಳ ಕಾಶಿಯನ್ನು ಬಿಡಿಬಿಡಿ ಕಥೆಗಳ ಸರಪಣಿಯಲ್ಲಿ ಹೇಳುತ್ತದೆ. ಕಾಶೀನಾಥ ಸಿಂಹರ ‘ಕಾಶೀ ಕಾ ಅಸ್ಸೀ’ ಒಂದು ಕೇರಿಯ ಹರಟೆ, ಬೈಗುಳ, ರಾಜಕೀಯಗಳನ್ನು ಮುಚ್ಚುಮರೆಯಿಲ್ಲದೆ ಎತ್ತಿಕೊಂಡಿದೆ. ಆಡುಮಾತಿನ ದಾಖಲೆಯಾಗಿ ಈ ಕೃತಿಯ ಬೆಲೆ ಯಾವ ಸಂಶೋಧನ ಪ್ರಬಂಧಕ್ಕೂ ಕಡಿಮೆಯದಲ್ಲ.

ಮಾಧುರಿ ದೇಸಾಯಿಯವರ ‘ಬನಾರಸ್ ರೀಕನ್‌ಸ್ಟ್ರಕ್ಟೆಡ್’ (2017) ಇಂದು ಪ್ರಾಚೀನವೆಂದು ಕಾಣುವ ಘಟ್ಟ ಗುಡಿಗಳ ಬಹುಭಾಗ ಈಚಿನ ಶತಮಾನಗಳ ಪುನರ್ನಿರ್ಮಾಣವೆಂದು ವಾಸ್ತುವಿನ ಆಧಾರದಿಂದ ತೋರಿಸಿತು. ಇದಾದ ಕೆಲವೇ ವರ್ಷಗಳಲ್ಲಿ ನಗರ ಮತ್ತೊಮ್ಮೆ ಬದಲಾಯಿತು. 2021ರ ಡಿಸೆಂಬರ್ 13ರಂದು ಉದ್ಘಾಟನೆಗೊಂಡ ವಿಶ್ವನಾಥ ಧಾಮಕ್ಕಾಗಿ ಗುಡಿಗೂ ಗಂಗೆಗೂ ನಡುವಣ ನೂರಾರು ಮನೆಗಳನ್ನು ಕೊಂಡು ಕೆಡವಲಾಯಿತು. ಲಾಹೋರಿ ಟೋಲಾದಂತಹ ಕೇರಿ ಬಹುಮಟ್ಟಿಗೆ ಇಲ್ಲವಾಯಿತು. ಯಾತ್ರಿಕರಿಗೆ ವಿಶಾಲವಾದ ದಾರಿ ದೊರೆಯಿತು, ನಿಜ. ಆದರೆ ಆ ಓಣಿಗಳ ನೆರೆಹೊರೆ, ಜಗುಲಿ, ಮನೆಯೊಳಗಿನ ಗುಡಿಗಳ ಆಚರಣೆಗಳಿಗೆ ಹಳೆಯ ಗ್ರಂಥ, ನಕ್ಷೆ, ಚಿತ್ರಗಳೂ ಅಲ್ಲಿಂದ ಎದ್ದುಹೋದವರ ನೆನಪೂ ಮಾತ್ರ ಆಕರಗಳಾಗಿ ಉಳಿದಿವೆ. ಈ ಎರಡನೆಯ ಆಕರಕ್ಕೆ ಆಯುಷ್ಯ ಕಡಿಮೆ.

ಕನ್ನಡ ನಾಡಿನ ಕಾಶಿಯನ್ನು ಕುರಿತ ಗ್ರಂಥ ಹೇಗಿರಬಹುದೆಂಬುದಕ್ಕೆ ಸಾಮಗ್ರಿಯ ಕೊರತೆಯಿಲ್ಲ. ಜಂಗಮವಾಡಿ ಮಠ ವೀರಶೈವ ಪಂಚಪೀಠಗಳಲ್ಲೊಂದರ ನೆಲೆ. ಅಲ್ಲಿ ಮೊಗಲರ ಕಾಲದ ಫರ್ಮಾನುಗಳಿವೆ. ಸುತ್ತಲಿನ ಬಡಾವಣೆಗೂ ಅದೇ ಹೆಸರು. ಇತ್ತ ನಾಡಿನೊಳಗೆ ಮದುವೆಯ ದಿನ ಕೊಡೆ ಕೋಲು ಹಿಡಿದು ಕಾಶಿಗೆ ಹೊರಟ ವರನನ್ನು ಹೆಣ್ಣಿನ ಕಡೆಯವರು ತಡೆದು ಕರೆತರುತ್ತಾರೆ. ಮಕ್ಕಳ ಕೊರಳಿಗೆ ಕಾಶಿದಾರ ಬೀಳುತ್ತದೆ. ಯಾತ್ರೆಯಿಂದ ಬಂದವರು ಮೊಹರು ಮಾಡಿದ ಗಂಗಾಜಲದ ತಂಬಿಗೆಯನ್ನು ಪೂಜಿಸಿ ಸಮಾರಾಧನೆ ಮಾಡುತ್ತಾರೆ. ಒಡೆಯದೆ ಉಳಿದ ತಂಬಿಗೆ ದೇವರ ಗೂಡಿನಲ್ಲಿ ಮನೆಯ ಯಾರದೋ ಕೊನೆಯ ಗುಟುಕಿಗಾಗಿ ಕಾದಿರುತ್ತದೆ.