ನಟನಾಗಲು ಹೊರಟ ಹುಡುಗ: ಯೂಸುಫ್ ಶಾಹೀನರ ಚಿತ್ರಯಾನ

ತರಗತಿಯಲ್ಲಿ ಸಹಪಾಠಿಗಳೆದುರು ನಿಂತು ಹುಡುಗನೊಬ್ಬ ಷೇಕ್ಸ್‌ಪಿಯರನ ಹ್ಯಾಮ್ಲೆಟ್ ಪಾತ್ರವನ್ನು ಅಭಿನಯಿಸುತ್ತಾನೆ. ಹೊರಗೆ ಎರಡನೆಯ ಮಹಾಯುದ್ಧ. ಜರ್ಮನ್ ಸೈನ್ಯವು ಅಲೆಕ್ಸಾಂಡ್ರಿಯಾ ನಗರದತ್ತ ಮುಂದುವರಿಯುತ್ತಿದೆ. ಹುಡುಗನ ಮನಸ್ಸಾದರೋ ರಂಗಭೂಮಿಯಲ್ಲಿ ನೆಟ್ಟಿದೆ. 1979ರಲ್ಲಿ ಬರ್ಲಿನ್ ಚಿತ್ರೋತ್ಸವದ ತೀರ್ಪುಗಾರರ ವಿಶೇಷ ಬಹುಮಾನ ಪಡೆದ ‘ಅಲೆಕ್ಸಾಂಡ್ರಿಯಾ, ಏಕೆ?’ ಎಂಬ ಅರಬ್ಬಿ ಚಿತ್ರದ ಕಥೆಯಿದು. ಆ ಹುಡುಗನಲ್ಲಿ ಈಜಿಪ್ಟಿನ ನಿರ್ದೇಶಕ ಯೂಸುಫ್ ಶಾಹೀನ್ ಚಿತ್ರಿಸಿದ್ದು ತಮ್ಮದೇ ಹರೆಯವನ್ನು.

ಶಾಹೀನ್ ಜನಿಸಿದ್ದು 1926ರ ಜನವರಿ 25ರಂದು, ಅದೇ ಕಡಲತೀರದ ನಗರದಲ್ಲಿ. ತಂದೆ ಲೆಬನಾನ್ ಮೂಲದ ವಕೀಲರು. ತಾಯಿ ಗ್ರೀಕ್ ಮೂಲದವರು. ಶಾಲೆಯಲ್ಲಿ ಇಂಗ್ಲಿಷ್, ಬೀದಿಯಲ್ಲಿ ಅರಬ್ಬಿ, ಊರಿನಲ್ಲಿ ಫ್ರೆಂಚ್, ಇಟಾಲಿಯನ್, ಗ್ರೀಕ್ ನುಡಿಗಳು. ಹೀಗೆ ಹಲವು ಭಾಷೆಗಳ ನಡುವೆ ಬೆಳೆದ ಅವರು ನಾಟಕ ಕಲಿಯುವ ಹಂಬಲದಿಂದ 1946ರಲ್ಲಿ ಅಮೆರಿಕಕ್ಕೆ ತೆರಳಿ, ಕ್ಯಾಲಿಫೋರ್ನಿಯಾದ ಪ್ಯಾಸಡೀನಾ ಪ್ಲೇಹೌಸ್ ರಂಗಶಾಲೆಯಲ್ಲಿ ಎರಡು ವರ್ಷ ಅಭ್ಯಾಸ ಮಾಡಿದರು.

ತಾಯ್ನಾಡಿಗೆ ಮರಳಿದವರನ್ನು ಬರಮಾಡಿಕೊಂಡದ್ದು ರಂಗಭೂಮಿಯಲ್ಲ, ಚಿತ್ರರಂಗ. ಇಟಾಲಿಯನ್ ಮೂಲದ ಹಿರಿಯ ಛಾಯಾಗ್ರಾಹಕ ಅಲ್ವೀಸೆ ಒರ್ಫನೆಲ್ಲಿ ಅವರಿಗೆ ದಾರಿ ತೋರಿದರು. 1950ರಲ್ಲಿ ‘ಬಾಬಾ ಅಮೀನ್’ ಚಿತ್ರದಿಂದ ನಿರ್ದೇಶನ ಆರಂಭವಾಯಿತು. ನಟರನ್ನು ಗುರುತಿಸುವ ಕಣ್ಣು ಅವರಿಗಿತ್ತು. 1954ರಲ್ಲಿ ಒಮರ್ ಷರೀಫ್ ಎಂಬ ಹೊಸ ತರುಣನನ್ನು ತೆರೆಗೆ ತಂದವರು ಅವರೇ.

1958ರ ‘ಬಾಬ್ ಅಲ್ ಹದೀದ್’ ಕೈರೋ ರೈಲು ನಿಲ್ದಾಣದ ಕಥೆ. ಕೂಲಿಗಳ ಸಂಘಟನೆ, ಕದ್ದು ತಂಪು ಪಾನೀಯ ಮಾರುವ ಹೆಣ್ಣುಮಕ್ಕಳು, ಅವರಲ್ಲೊಬ್ಬಳನ್ನು ಬಯಸಿ ಬುದ್ಧಿ ಕದಡುವ ಕುಂಟ ಪತ್ರಿಕೆ ಮಾರಾಟಗಾರ ಕಿನಾವಿ. ಆ ಪಾತ್ರವನ್ನು ಶಾಹೀನರೇ ವಹಿಸಿದರು. ನಟನಾಗುವ ಕನಸು ನನಸಾದದ್ದು ಎಲ್ಲರೂ ಕಡೆಗಣಿಸುವ ಬಡವನೊಬ್ಬನ ರೂಪದಲ್ಲಿ. ಆದರೆ ಜನಪ್ರಿಯ ನಾಯಕ ಫರೀದ್ ಶೌಕಿಯ ಸಾಹಸಗಳನ್ನು ನಿರೀಕ್ಷಿಸಿ ಬಂದ ಪ್ರೇಕ್ಷಕರು ಚಿತ್ರವನ್ನು ತಿರಸ್ಕರಿಸಿದರು. ಇಂದು ಅರಬ್ಬಿ ಸಿನೆಮಾದ ಶ್ರೇಷ್ಠ ಕೃತಿಗಳಲ್ಲೊಂದೆನಿಸಿದ ಆ ಚಿತ್ರ ತನಗೆ ಸಲ್ಲಬೇಕಾದ ಮನ್ನಣೆಗಾಗಿ ವರ್ಷಗಟ್ಟಲೆ ಕಾಯಬೇಕಾಯಿತು.

ಶಾಹೀನ್ ಎದೆಗುಂದಲಿಲ್ಲ. ಅಬ್ದೆಲ್ ರಹಮಾನ್ ಅಲ್ ಷರ್ಕಾವಿಯವರ ಕಾದಂಬರಿಯನ್ನಾಧರಿಸಿದ ‘ಅಲ್ ಅರ್ದ್’, ಅಂದರೆ ‘ಭೂಮಿ’, 1970ರಲ್ಲಿ ಕಾನ್ ಚಿತ್ರೋತ್ಸವಕ್ಕೆ ಹೋಯಿತು. ಹೊಲಕ್ಕೆ ನೀರು ಬಿಡುವ ದಿನಗಳನ್ನು ಕಡಿತಗೊಳಿಸಿದಾಗ ತಿರುಗಿಬೀಳುವ ರೈತರ ಕಥೆಯದು. ಕುದುರೆಗೆ ಕಟ್ಟಿ ಎಳೆದೊಯ್ಯುತ್ತಿದ್ದರೂ ಬೆರಳುಗಳಿಂದ ಮಣ್ಣನ್ನು ಬಿಗಿಹಿಡಿಯುವ ವೃದ್ಧ ರೈತನ ಕೊನೆಯ ದೃಶ್ಯವನ್ನು ಕಂಡವರು ಮರೆಯಲಾರರು.

1972ರಲ್ಲಿ ಅವರು ಸ್ವಂತ ನಿರ್ಮಾಣ ಸಂಸ್ಥೆ ‘ಮಿಸ್ರ್ ಇಂಟರ್‌ನ್ಯಾಷನಲ್’ ಸ್ಥಾಪಿಸಿದರು. ಹಣ ತಮ್ಮದಾದ ಮಾತ್ರಕ್ಕೆ ಹಾದಿ ಸುಗಮವಾಗಲಿಲ್ಲ. 1967ರ ಯುದ್ಧದ ಸೋಲಿಗೆ ಒಳಗಿನ ಭ್ರಷ್ಟಾಚಾರವೂ ಕಾರಣವೆಂದು ಸೂಚಿಸಿದ ‘ಗುಬ್ಬಚ್ಚಿ’ ಚಿತ್ರ ಈಜಿಪ್ಟಿನಲ್ಲಿ 1974ರವರೆಗೆ ಬೆಳಕು ಕಾಣಲಿಲ್ಲ. ಆದರೂ ತಮ್ಮಿಚ್ಛೆಯ ಕಥೆ ಹೇಳುವ ಸ್ವಾತಂತ್ರ್ಯ ಉಳಿಯಿತು. ಯುಸ್ರಿ ನಸ್ರಲ್ಲಾರಂಥ ಕಿರಿಯರ ಮೊದಲ ಚಿತ್ರಕ್ಕೂ ಅದೇ ಸಂಸ್ಥೆ ಆಸರೆಯಾಯಿತು.

ರಂಗಭೂಮಿಯ ಋಣ ತೀರಿದ್ದು 1992ರಲ್ಲಿ. ಪ್ಯಾರಿಸಿನ ಪ್ರಸಿದ್ಧ ನಾಟಕಶಾಲೆ ಕಾಮೆಡಿ ಫ್ರಾಂಸೇಸ್ ಮೆಚ್ಚಿದ ನಾಟಕವೊಂದನ್ನು ಆಡಿಸುವಂತೆ ಶಾಹೀನರನ್ನು ಆಹ್ವಾನಿಸಿತು. ಅವರು ಆಯ್ದದ್ದು ಆಲ್ಬೆರ್ ಕಮೂವಿನ ‘ಕಲಿಗುಲ’. ಹುಡುಗನಾಗಿ ಕಂಡ ರಂಗದ ಕನಸು ಅರವತ್ತಾರನೆಯ ವಯಸ್ಸಿನಲ್ಲಿ ಹೀಗೆ ಕೈಗೂಡಿತು.

ಎರಡು ವರ್ಷಗಳ ತರುವಾಯ ಅವರ ‘ವಲಸಿಗ’ ಚಿತ್ರವು ಪ್ರವಾದಿಯೊಬ್ಬರನ್ನು ತೆರೆಯ ಮೇಲೆ ತೋರಿಸಿದೆಯೆಂಬ ದೂರಿನ ಮೇಲೆ ನ್ಯಾಯಾಲಯ ಪ್ರದರ್ಶನವನ್ನು ತಡೆಯಿತು. ಮುಂದೆ ಆ ತಡೆ ತೆರವಾಯಿತು. 1997ರ ‘ವಿಧಿ’ ಚಿತ್ರವೇ ಅದಕ್ಕೆ ಅವರ ಉತ್ತರ. ಹನ್ನೆರಡನೆಯ ಶತಮಾನದ ಸ್ಪೇನಿನಲ್ಲಿ ತತ್ತ್ವಜ್ಞಾನಿ ಇಬ್ನ್ ರುಶ್ದ್‌ನ ಗ್ರಂಥಗಳನ್ನು ಸುಡಲಾಗುತ್ತದೆ. ಅಷ್ಟರಲ್ಲಿ ಶಿಷ್ಯರು ಅವುಗಳನ್ನು ನಕಲು ಮಾಡಿ ದೂರದೇಶಗಳಿಗೆ ಸಾಗಿಸಿರುತ್ತಾರೆ. ಅದೇ ವರ್ಷ ಕಾನ್ ಚಿತ್ರೋತ್ಸವವು ತನ್ನ ಐವತ್ತನೆಯ ವಾರ್ಷಿಕೋತ್ಸವದ ವಿಶೇಷ ಪ್ರಶಸ್ತಿಯನ್ನು ಶಾಹೀನರ ಸಮಗ್ರ ಸಾಧನೆಗಾಗಿ ನೀಡಿತು.

2008ರ ಜುಲೈ 27ರಂದು ಅವರು ಕೈರೋದಲ್ಲಿ ನಿಧನರಾದರು. ಐದಾರು ಭಾಷೆಗಳ ಊರಿನಲ್ಲಿ ಬೆಳೆದು, ಇಂಗ್ಲಿಷಿನಲ್ಲಿ ಓದಿ, ಅಮೆರಿಕದಲ್ಲಿ ಕಲೆ ಕಲಿತ ಈ ಕಲಾವಿದ ತನ್ನ ಚಿತ್ರಗಳಿಗೆ ಆರಿಸಿಕೊಂಡದ್ದು ಈಜಿಪ್ಟಿನ ಜನಸಾಮಾನ್ಯರ ಆಡುನುಡಿಯನ್ನು. ಆ ನುಡಿಯ ಚಿತ್ರಗಳೇ ಅವರನ್ನು ಬರ್ಲಿನ್ನಿಗೂ ಕಾನಿಗೂ ಕೊಂಡೊಯ್ದವು.