ಶೈತ್ಯಾಗಾರದಲ್ಲಿ ಹುಟ್ಟಿದ ‘ಹೀಟ್’

ಈ ಆಲ್ಬಂ ಹಾಕಿದವರು ಮೊದಲು ಮಾಡುವ ಕೆಲಸ ವಾಲ್ಯೂಮ್ ಏರಿಸುವುದು. ಎಲ್ಲೋ ದೂರದಲ್ಲಿ ಏನೋ ಗುಂಯ್‌ಗುಟ್ಟುತ್ತಿರುತ್ತದೆ, ಅಷ್ಟೆ. ಸ್ಪೀಕರ್ ಕೆಟ್ಟಿತೇನೋ ಎಂದುಕೊಂಡು ಇನ್ನೊಂದಿಷ್ಟು ತಿರುಗಿಸುತ್ತೇವೆ. ಮುಕ್ಕಾಲು ನಿಮಿಷ ಕಳೆಯುವಷ್ಟರಲ್ಲಿ ಡ್ರಮ್, ಗಿಟಾರ್, ಕೀಬೋರ್ಡ್ ಮೂರೂ ಒಟ್ಟಿಗೆ ಮೈಮೇಲೆ ಬೀಳುತ್ತವೆ. ಪಿಸುಗುಟ್ಟಿದ್ದರ ಹೆಸರು ‘ಟೆಸ್ಟ್‌ಕಾರ್ಡ್’, ಮೈಮೇಲೆ ಬಿದ್ದದ್ದು ‘ಹಾರಿಜಾಂಟಲ್ ಹೋಲ್ಡ್’. ದೂರದರ್ಶನದ ಹಳೆಯ ಕಾಲ ಕಂಡವರಿಗೆ ಇವೆರಡೂ ಹೊಸತಲ್ಲ. ಕಾರ್ಯಕ್ರಮ ಶುರುವಾಗುವ ಮೊದಲು ತೆರೆಯ ಮೇಲೆ ಅಲುಗಾಡದೆ ನಿಂತಿರುತ್ತಿದ್ದ ಪಟ್ಟಿಗಳ ಚಿತ್ರ ಒಂದು. ಓರೆಯಾಗಿ ಹರಿದುಹೋಗುವ ಚಿತ್ರವನ್ನು ಹಿಡಿದು ನಿಲ್ಲಿಸಲು ಟಿ.ವಿ.ಯಲ್ಲಿದ್ದ ತಿರುಪು ಇನ್ನೊಂದು.

ಲಂಡನ್ನಿನ ಮೂವರ ತಂಡ ‘ದಿಸ್ ಹೀಟ್’ 1979ರಲ್ಲಿ ಹೊರತಂದ ಚೊಚ್ಚಲ ಆಲ್ಬಂ ಇದು. ಆಲ್ಬಂಗೂ ತಂಡದ ಹೆಸರೇ. ಅಂಗಡಿಗಳಲ್ಲಿ ಇದನ್ನು ಪೋಸ್ಟ್-ಪಂಕ್ ಕಪಾಟಿನಲ್ಲಿ ಇಡುತ್ತಾರೆ, ಎಂದರೆ ಪಂಕ್ ಮುಗಿದ ಮೇಲಿನ ಸಂಗೀತ. ತಮಾಷೆ ಏನೆಂದರೆ, ಇದರ ಧ್ವನಿಮುದ್ರಣ ಶುರುವಾದದ್ದು 1976ರ ಫೆಬ್ರುವರಿಯಲ್ಲಿ. ಪಂಕ್‌ಗೆ ಹೆಸರಾದ ಸೆಕ್ಸ್ ಪಿಸ್ಟಲ್ಸ್ ತಂಡದ ಮೊದಲ ಸಿಂಗಲ್ ಹೊರಬಂದದ್ದೇ ಆ ವರ್ಷದ ನವೆಂಬರಿನಲ್ಲಿ. ಪಂಕ್ ಬಂದು, ಪೇಪರಿನ ಮುಖಪುಟ ಏರಿ, ಇಳಿದುಹೋಗುವ ತನಕ ಇವರು ಅದೇ ಆಲ್ಬಂ ತಿದ್ದುತ್ತ ಕೂತಿದ್ದರು. ಮುದ್ರಣ ಮುಗಿದದ್ದು 1978ರ ಸೆಪ್ಟೆಂಬರಿನಲ್ಲಿ.

ಮೂವರಲ್ಲಿ ಇಬ್ಬರು ಪಳಗಿದ ಕೈಗಳು. ಡ್ರಮ್ಮರ್ ಚಾರ್ಲ್ಸ್ ಹೇವರ್ಡ್ ಮೊದಲು ‘ಕ್ವಯಟ್ ಸನ್’ ತಂಡದಲ್ಲಿದ್ದವರು. ಮುಂದೆ ರಾಕ್ಸಿ ಮ್ಯೂಸಿಕ್‌ನಲ್ಲಿ ಹೆಸರು ಮಾಡಿದ ಫಿಲ್ ಮಂಜನೇರಾ ಅಲ್ಲಿ ಅವರ ಜೊತೆಗಾರ. ಚಾರ್ಲ್ಸ್ ಬುಲೆನ್ ಗಿಟಾರಿನ ಜೊತೆಗೆ ಕ್ಲಾರಿನೆಟ್, ವಯೋಲಾ ಕೂಡ ಬಲ್ಲವರು. ಮೂರನೆಯವರಾದ ಗ್ಯಾರೆತ್ ವಿಲಿಯಮ್ಸ್ ಕೆಲಸ ಮಾಡುತ್ತಿದ್ದದ್ದು ರೆಕಾರ್ಡ್ ಅಂಗಡಿಯಲ್ಲಿ. ಕೇಳಿದ್ದು ಅಪಾರ, ನುಡಿಸಲು ಬರುತ್ತಿರಲಿಲ್ಲ. ಅದು ಗೊತ್ತಿದ್ದೇ ಅವರನ್ನು ಸೇರಿಸಿಕೊಂಡರು. ಈ ಆಲ್ಬಂ ಹೀಗೇಕಿದೆ ಎಂದು ಯಾರಾದರೂ ಕೇಳಿದರೆ ನಾನು ಮೊದಲು ಈ ತೀರ್ಮಾನದ ಕಡೆ ಬೆರಳು ತೋರಿಸುತ್ತೇನೆ. ಬೆರಳುಗಳಿಗೆ ರೂಢಿಯ ದಾರಿ ಗೊತ್ತಿಲ್ಲದ ಒಬ್ಬ ಮನುಷ್ಯ ಪಕ್ಕದಲ್ಲಿದ್ದರೆ, ಬಲ್ಲವರು ತಮ್ಮ ಹಳೆಯ ಚಾಳಿಗೆ ಮರಳುವುದು ಕಷ್ಟವಾಗುತ್ತದೆ. ಕೌಶಲ ತೋರಿಸುವ ಸೋಲೋಗಳು ಇಲ್ಲಿ ಹೆಚ್ಚುಕಡಿಮೆ ಇಲ್ಲವೇ ಇಲ್ಲ.

ಮೊದಲ ಕಛೇರಿ ಹ್ಯಾಂಪ್‌ಸ್ಟೆಡ್ ಟೌನ್‌ಹಾಲ್‌ನಲ್ಲಿ, 1976ರ ಅದೇ ಫೆಬ್ರುವರಿಯಲ್ಲಿ. ಮುಂದಿನ ವರ್ಷ ಬಿಬಿಸಿ ರೇಡಿಯೋದ ಜಾನ್ ಪೀಲ್ ಅವರ ಕಿವಿಗೆ ಬಿದ್ದು, 1977ರಲ್ಲೇ ಎರಡು ಸಲ ಅವರ ಕಾರ್ಯಕ್ರಮಕ್ಕೆ ನುಡಿಸಿದರು. ಆಲ್ಬಂ ಇಲ್ಲದ, ಹಿಟ್ ಇಲ್ಲದ ತಂಡಕ್ಕೆ ಅದು ಸಣ್ಣ ಮಾತಲ್ಲ. ಆದರೂ ದೊಡ್ಡ ಕಂಪನಿ ಯಾವುದೂ ಇವರನ್ನು ಕೊಂಡುಕೊಳ್ಳಲಿಲ್ಲ. ಒಳ್ಳೆಯದೇ ಆಯಿತು. ಕೊಂಡಿದ್ದರೆ ಎರಡೂವರೆ ವರ್ಷ ಕಾಯುವ ತಾಳ್ಮೆ ಯಾವ ಕಂಪನಿಗೆ ಇರುತ್ತಿತ್ತು?

ಜಾಗವೂ ಸಿಕ್ಕಿತು. ದಕ್ಷಿಣ ಲಂಡನ್ನಿನ ಬ್ರಿಕ್ಸ್‌ಟನ್, ಏಕರ್ ಲೇನ್‌ನಲ್ಲಿ ಮಾಂಸದ ಕಡುಬು ತಯಾರಿಸುತ್ತಿದ್ದ ಹಳೆಯ ಕಾರ್ಖಾನೆಯೊಂದು ಕಲಾವಿದರ ಸ್ಟುಡಿಯೋಗಳಾಗಿ ಬದಲಾಗಿತ್ತು. ಅಲ್ಲಿ ಮಾಂಸ ತಣ್ಣಗಿಡುತ್ತಿದ್ದ ಕೋಣೆ ಇವರ ಪಾಲಿಗೆ ಬಂತು. ಅದಕ್ಕೆ ‘ಕೋಲ್ಡ್ ಸ್ಟೋರೇಜ್’ ಎಂದೇ ಹೆಸರಿಟ್ಟರು. ಗಂಟೆಗೆ ಇಷ್ಟೆಂದು ಬಾಡಿಗೆ ತೆತ್ತು ದೊಡ್ಡ ಸ್ಟುಡಿಯೋದಲ್ಲಿ ಕೂತವನು ಗಡಿಯಾರ ನೋಡುತ್ತಾನೆ. ತಮ್ಮದೇ ಕೋಣೆ ಇದ್ದವರು ಏನು ಬೇಕಾದರೂ ಮಾಡಿ ನೋಡಬಹುದು, ಮಾಡಿದ್ದನ್ನೆಲ್ಲ ಟೇಪಿಗೆ ಹಾಕಬಹುದು.

ಹಾಕಿದರು ಕೂಡ. ಅಭ್ಯಾಸ, ಕಛೇರಿ, ಸುಮ್ಮನೆ ಕುಟ್ಟಿದ್ದು, ಎಲ್ಲವೂ ಅಗ್ಗದ ಕ್ಯಾಸೆಟ್‌ಗಳಲ್ಲಿ ಸೇರುತ್ತ ಹೋಯಿತು. ಸಾಮಾನ್ಯವಾಗಿ ಇಂಥ ಕ್ಯಾಸೆಟ್ಟು ಕಚ್ಚಾ ಪ್ರತಿ. ಅದನ್ನು ಕೇಳಿ, ಒಳ್ಳೆಯ ಸ್ಟುಡಿಯೋಗೆ ಹೋಗಿ ಮತ್ತೆ ನುಡಿಸುವುದು ಪದ್ಧತಿ. ಇವರು ಕ್ಯಾಸೆಟ್ಟಿನ ತುಣುಕನ್ನೇ ತಂದು ಒಳ್ಳೆಯ ಮುದ್ರಣದ ಪಕ್ಕಕ್ಕೆ ಅಂಟಿಸಿದರು. ‘ಹಾರಿಜಾಂಟಲ್ ಹೋಲ್ಡ್’ ಅನ್ನು ಗಮನವಿಟ್ಟು ಕೇಳಿ: ಎದುರಲ್ಲೇ ನುಡಿಯುತ್ತಿದ್ದ ವಾದ್ಯಗಳು ಒಮ್ಮೆಲೇ ಗೋಡೆಯಾಚೆಗೆ ಹೋದಂತಾಗುತ್ತದೆ, ಮತ್ತೆ ಧುತ್ತೆಂದು ಎದುರಿಗೆ ಬರುತ್ತವೆ. ತಾಳ ಬದಲಾಗಿಲ್ಲ, ಕೋಣೆ ಬದಲಾಗಿದೆ.

ಅತಿ ವಿಚಿತ್ರವಾದದ್ದು ‘ಟ್ವೆಂಟಿಫೋರ್ ಟ್ರ್ಯಾಕ್ ಲೂಪ್’. ಎರಡು ಇಂಚು ಅಗಲದ ಟೇಪಿನಲ್ಲಿ ಪಕ್ಕಪಕ್ಕಕ್ಕೆ 24 ಗೆರೆಗಳು, ಒಂದೊಂದು ಗೆರೆಯಲ್ಲೂ ಬೇರೆ ಬೇರೆ ಧ್ವನಿ. ಆ ಟೇಪಿನ ಚಿಕ್ಕ ತುಂಡು ಕತ್ತರಿಸಿ, ಎರಡು ತುದಿ ಅಂಟಿಸಿ ಬಳೆ ಮಾಡಿದರೆ ಅದೇ ಕೆಲವು ಸೆಕೆಂಡು ಕೊನೆಯಿಲ್ಲದೆ ಸುತ್ತುತ್ತದೆ. ಇನ್ನು ನುಡಿಸುವುದು ಏನೂ ಉಳಿದಿಲ್ಲ. ಮಿಕ್ಸಿಂಗ್ ಡೆಸ್ಕಿನ ಮುಂದೆ ನಿಂತು ಒಂದು ಧ್ವನಿ ಏರಿಸಿ, ಇನ್ನೊಂದನ್ನು ಅಡಗಿಸಿ, ಹಾರ್ಮೊನೈಸರ್ ಎಂಬ ಯಂತ್ರಕ್ಕೆ ಕೊಟ್ಟು ಶ್ರುತಿ ತಿರುಚಿದರು. ಡೆಸ್ಕೇ ವಾದ್ಯವಾಯಿತು. ಹೆಚ್ಚುಕಡಿಮೆ ಆರು ನಿಮಿಷದ ಈ ತುಣುಕನ್ನು 1990ರ ದಶಕದ ಲಂಡನ್ ಕ್ಲಬ್ಬುಗಳ ಜಂಗಲ್ ಸಂಗೀತದ ನಡುವೆ ಸೇರಿಸಿಬಿಟ್ಟರೆ ಹೊಸಬರು ಗುರುತು ಹಿಡಿಯಲಾರರು. ಕಂಪ್ಯೂಟರಿನಲ್ಲಿ ಇಂದು ಹತ್ತು ನಿಮಿಷದ ಕೆಲಸ. ಅಂದು ಬ್ಲೇಡು, ಅಂಟುಪಟ್ಟಿ, ಮತ್ತು ತಪ್ಪಿದರೆ ಹೋಯಿತೆಂಬ ಭಯ.

ಕೊನೆಗೆ ಇದನ್ನು ಹೊರತಂದದ್ದು ಡೇವಿಡ್ ಕನ್ನಿಂಗ್‌ಹ್ಯಾಮ್, ತಮ್ಮ ಪುಟ್ಟ ‘ಪಿಯಾನೋ’ ಲೇಬಲ್‌ನಿಂದ. ನಿರ್ಮಾಣದಲ್ಲಿ ಅವರ ಜೊತೆ ‘ಸ್ಲ್ಯಾಪ್ ಹ್ಯಾಪಿ’ ತಂಡದ ಆಂಟನಿ ಮೂರ್ ಕೂಡ ಇದ್ದರು. ಅದೇ 1979ರಲ್ಲಿ ಕನ್ನಿಂಗ್‌ಹ್ಯಾಮ್ ಅವರ ‘ಫ್ಲೈಯಿಂಗ್ ಲಿಜರ್ಡ್ಸ್’ ತಂಡದ ‘ಮನಿ’ ಬ್ರಿಟನ್ನಿನಲ್ಲಿ ಜನಪ್ರಿಯ ಹಿಟ್ ಆಯಿತು. ‘ದಿಸ್ ಹೀಟ್’ಗೆ ಅಂಥ ಭಾಗ್ಯ ಬರಲಿಲ್ಲ. ನೀಲಿ ಮತ್ತು ಹಳದಿ, ಎರಡೇ ಬಣ್ಣದ ಹೊದಿಕೆ, ಅದರ ಮೇಲೆ ಯಾರ ಮುಖವೂ ಇಲ್ಲ. ರೇಡಿಯೋದಲ್ಲಿ ಹಗಲು ಹಾಕುವಂಥ ಹಾಡೂ ಇಲ್ಲ.

ಇದ್ದದ್ದರಲ್ಲಿ ಹಾಡಿಗೆ ಹತ್ತಿರವಾದದ್ದು ‘ದ ಫಾಲ್ ಆಫ್ ಸೈಗಾನ್’. 1975ರ ಏಪ್ರಿಲ್ 30ರಂದು ವಿಯೆಟ್ನಾಂನ ಸೈಗಾನ್ ಪತನವಾದಾಗ ಅಮೆರಿಕದ ರಾಯಭಾರ ಕಚೇರಿ ಹೆಲಿಕಾಪ್ಟರ್‌ಗಳಲ್ಲಿ ಖಾಲಿಯಾಯಿತಲ್ಲ, ಹಾಡಿನಲ್ಲಿ ಅಲ್ಲಿಯವರು ಹೊರಬೀಳಲಾರದೆ ಸಿಕ್ಕಿಬಿದ್ದಿದ್ದಾರೆ. ಹಸಿವಿಗೆ ಕಚೇರಿಯ ಬೆಕ್ಕನ್ನೇ ತಿನ್ನುತ್ತಾರೆ. ಇದನ್ನು ಕೋಪದಿಂದ ಕೂಗಿ ಹೇಳಿದ್ದರೆ ಇನ್ನೊಂದು ಪ್ರತಿಭಟನೆಯ ಹಾಡಾಗುತ್ತಿತ್ತು. ಇವರು ಜೋಗುಳದ ನಿಧಾನಗತಿಯಲ್ಲಿ ಹಾಡಿದ್ದಾರೆ, ಅದಕ್ಕೇ ಮೈ ಜುಂ ಎನ್ನುತ್ತದೆ. ಇದಾದ ಮೇಲೆ ‘ಟೆಸ್ಟ್‌ಕಾರ್ಡ್’ ಮರಳುತ್ತದೆ, ಮೂಲ ಎಲ್.ಪಿ.ಯಲ್ಲಿ ಅದು ಕೊನೆಯ ವೃತ್ತಾಕಾರದ ಗೆರೆಯಲ್ಲಿ ಸಿಕ್ಕಿಕೊಂಡಿತ್ತು, ಎದ್ದುಹೋಗಿ ಮುಳ್ಳು ಎತ್ತುವ ತನಕ ಮುಗಿಯುತ್ತಿರಲಿಲ್ಲ.

ಎರಡನೆಯ ಆಲ್ಬಂ ‘ಡಿಸೀಟ್’ 1981ರಲ್ಲಿ ಬಂತು, ಹಿಂದೆಯೇ ತಂಡ ಚದುರಿತು. ನುಡಿಸಲು ಬಾರದೆ ಬಂದಿದ್ದ ಗ್ಯಾರೆತ್ ವಿಲಿಯಮ್ಸ್ ಆಮೇಲೆ ಹಿಡಿದ ದಾರಿ ನಮ್ಮ ಪಕ್ಕದ ಮನೆಗೇ ಬರುತ್ತದೆ: ಕೇರಳದ ಕಥಕ್ಕಳಿ ಕಲಿಯಲು ಭಾರತಕ್ಕೆ ಬಂದರು, ಲಂಡನ್ನಿಗೆ ಮರಳಿ ಭಾರತದ ಧರ್ಮ ಮತ್ತು ಸಂಗೀತ ಓದಿದರು, ‘ರಫ್ ಗೈಡ್ ಟು ಇಂಡಿಯಾ’ ಪ್ರವಾಸಿ ಕೈಪಿಡಿಯ ಮೊದಲ ಆವೃತ್ತಿಯ ಲೇಖಕರಲ್ಲಿ ಒಬ್ಬರಾದರು. 2001ರ ಡಿಸೆಂಬರಿನಲ್ಲಿ ಕ್ಯಾನ್ಸರಿನಿಂದ ತೀರಿಕೊಂಡರು. ಹೇವರ್ಡ್ ಮತ್ತು ಬುಲೆನ್ 2016ರಲ್ಲಿ ಕಿರಿಯ ಸಂಗೀತಗಾರರ ಜೊತೆ ಮತ್ತೆ ವೇದಿಕೆ ಏರಿದರು. ಗ್ಯಾರೆತ್ ಇಲ್ಲದ ತಂಡಕ್ಕೆ ಹಳೆಯ ಹೆಸರು ಇಡಲಿಲ್ಲ. ‘ದಿಸ್ ಈಸ್ ನಾಟ್ ದಿಸ್ ಹೀಟ್’ ಎಂದು ಕರೆದುಕೊಂಡರು.

ವಿಮರ್ಶಕರಲ್ಲಿ ಹೆಚ್ಚಿನವರು ‘ಡಿಸೀಟ್’ ಅನ್ನೇ ಮೇಲಿಡುತ್ತಾರೆ. ಅದು ಹೆಚ್ಚು ಕಟ್ಟುಮಸ್ತಾಗಿದೆ, ನಿಜ. ನನ್ನ ಓಟು ಮಾತ್ರ ಈ ನೀಲಿ-ಹಳದಿ ಆಲ್ಬಂಗೆ. ಕೇಳುವ ಮನಸ್ಸಾದರೆ ಹೆಡ್‌ಫೋನ್ ಹಾಕಿಕೊಂಡು ‘ಟ್ವೆಂಟಿಫೋರ್ ಟ್ರ್ಯಾಕ್ ಲೂಪ್’ನಿಂದ ಶುರುಮಾಡಿ, ಹಿಡಿಸಿದರೆ ಮೊದಲಿನಿಂದ ಕೇಳಿ, ಆದರೆ ವಾಲ್ಯೂಮ್ ಮುಟ್ಟಬೇಡಿ.