ಮರದಿಂದ ಮರಕ್ಕೆ ಎರಡು ಸೆಕೆಂಡ್

ಕಂದಿಕೆರೆ ಕಡೆ ತೆಂಗಿನ ಸಸಿ ಇಡುವವರು ಹಗ್ಗ ಹಿಡಿದು ಗುಣಿಗೆ ಗುರುತು ಹಾಕುತ್ತಾರೆ. ಗುಣಿಯಿಂದ ಗುಣಿಗೆ ಸುಮಾರು 30 ಅಡಿ. ಹತ್ತಿರವಾದರೆ ಗರಿಗೆ ಗರಿ ತಾಗಿ ಬಿಸಿಲು ಬೀಳದು, ದೂರವಾದರೆ ಜಮೀನು ದಂಡ. ಇದೇ ಲೆಕ್ಕದಲ್ಲಿ ಒಂದೇ ಸಾಲಿಗೆ 4,600 ಮರ ನಿಲ್ಲಿಸಿದರೆ ಆ ಸಾಲಿನ ಉದ್ದ ಒಂದು ಮ್ಯಾರಥಾನ್‌ನಷ್ಟಾಗುತ್ತದೆ: 42.195 ಕಿ.ಮೀ. ಚಿಕ್ಕನಾಯಕನಹಳ್ಳಿ, ತಿಪಟೂರು, ತುರುವೇಕೆರೆ ಸೀಮೆಯವರಿಗೆ ಅಷ್ಟು ಮರಗಳನ್ನು ಕಣ್ಣಿಗೆ ತಂದುಕೊಳ್ಳುವುದು ಕಷ್ಟವಲ್ಲ. ಊಹೆಗೆ ಸಿಗದಿರುವುದು ವೇಗ. 2024ರ ಏಪ್ರಿಲ್ 21ರಂದು ಲಂಡನ್ನಿನಲ್ಲಿ ಕೀನ್ಯಾದ ಪೆರೆಸ್ ಜೆಪ್‌ಚಿರ್ಚಿರ್ ಆ ದೂರವನ್ನು 2 ಗಂಟೆ 16 ನಿಮಿಷ 16 ಸೆಕೆಂಡಿನಲ್ಲಿ ಓಡಿದರು. ಒಂದು ಮರದಿಂದ ಇನ್ನೊಂದಕ್ಕೆ ಎರಡು ಸೆಕೆಂಡೂ ಇಲ್ಲ. ಗಂಡಸರ ಬೆನ್ನು ಹಿಡಿಯದೆ ಹೆಂಗಸರೇ ಓಡಿದ ಮ್ಯಾರಥಾನ್‌ಗಳಲ್ಲಿ ಅದು ಅಂದಿಗೆ ವಿಶ್ವದಾಖಲೆ.

ನಂಬಿಕೆ ಬಾರದಿದ್ದರೆ ಊರಿನ ಹೈಸ್ಕೂಲ್ ಮೈದಾನದಲ್ಲಿ 100 ಮೀಟರ್ ದೂರವನ್ನು 19 ಸೆಕೆಂಡು ಚಿಲ್ಲರೆಯಲ್ಲಿ ಓಡಿ ನೋಡಬಹುದು. ಗಟ್ಟಿಮುಟ್ಟಾದ ಹುಡುಗರಿಗೆ ಅದು ಆಟ. ಅದನ್ನೇ ಎಲ್ಲೂ ನಿಲ್ಲದೆ 422 ಸಲ ಮಾಡಬೇಕು.

ಈ ಜೆಪ್‌ಚಿರ್ಚಿರ್ ಕನ್ನಡ ನಾಡಿಗೆ ಅಪರಿಚಿತರೇನಲ್ಲ. 2016ರ ಮೇ ತಿಂಗಳಲ್ಲಿ ಬೆಂಗಳೂರಿನ ವರ್ಲ್ಡ್ 10ಕೆ ಓಟದಲ್ಲಿ ಮಹಿಳೆಯರ ವಿಭಾಗ ಗೆದ್ದವರು ಅವರೇ. ಆಗ ಅವರಿಗೆ 22 ವರ್ಷ. ಎರಡು ತಿಂಗಳ ಹಿಂದಷ್ಟೇ ಕಾರ್ಡಿಫ್‌ನಲ್ಲಿ ಅರ್ಧ ಮ್ಯಾರಥಾನ್‌ನ ವಿಶ್ವ ಚಾಂಪಿಯನ್ ಆಗಿದ್ದರು. ಅಂದು ಬೆಂಗಳೂರಿನ ರಸ್ತೆಬದಿಯಲ್ಲಿ ನಿಂತು ಚಪ್ಪಾಳೆ ತಟ್ಟಿದವರಿಗೆ, ಎದುರಿಗೆ ಹಾದುಹೋದ ತೆಳ್ಳನೆಯ ಹೆಣ್ಣುಮಗಳು ಐದು ವರ್ಷದಲ್ಲಿ ಒಲಿಂಪಿಕ್ ಚಿನ್ನ ಗೆಲ್ಲುತ್ತಾರೆಂದು ಗೊತ್ತಾಗುವುದು ಹೇಗೆ? ನಮ್ಮ ಪತ್ರಿಕೆಗಳಲ್ಲಿ ಇಂಥ ಗೆಲುವುಗಳು ‘ಕೀನ್ಯಾ ಓಟಗಾರ್ತಿಗೆ ಪ್ರಶಸ್ತಿ’ ಎಂಬ ಒಂದು ಸಾಲಿನಲ್ಲಿ ಮುಗಿದುಹೋಗುತ್ತವೆ, ದೇಶದ ಹೆಸರೇ ಅವರ ಹೆಸರು ಎಂಬ ಹಾಗೆ.

2017ರ ಫೆಬ್ರುವರಿಯಲ್ಲಿ ಅವರು ಅರ್ಧ ಮ್ಯಾರಥಾನ್‌ನಲ್ಲಿ 65 ನಿಮಿಷ 6 ಸೆಕೆಂಡಿನ ವಿಶ್ವದಾಖಲೆ ಬರೆದರು. ಅದೇ ವರ್ಷ ಮಗಳು ಹುಟ್ಟಿದಳು. ಓಟ ನಿಂತಿತು. ಮತ್ತೆ ಕಾಲಿಗೆ ಹಳೆಯ ವೇಗ ಬರಲು ವರ್ಷಗಳೇ ಹಿಡಿದವು. 2020ರಲ್ಲಿ ಪ್ರಾಗ್ ಮತ್ತು ಗ್ಡಿನಿಯಾ ನಗರಗಳಲ್ಲಿ ಆರು ವಾರದ ಅಂತರದಲ್ಲಿ, ಹೆಂಗಸರೇ ಓಡಿದ ಅರ್ಧ ಮ್ಯಾರಥಾನ್‌ನ ಎರಡು ವಿಶ್ವದಾಖಲೆ, ಡಿಸೆಂಬರಿನಲ್ಲಿ ವೆಲೆನ್ಸಿಯಾ ಮ್ಯಾರಥಾನ್. 2021ರ ಆಗಸ್ಟ್ 7ರಂದು ಟೋಕಿಯೊ ಒಲಿಂಪಿಕ್ಸ್‌ನ ಚಿನ್ನ, ನವೆಂಬರಿನಲ್ಲಿ ನ್ಯೂಯಾರ್ಕ್, ಮರುವರ್ಷ ಏಪ್ರಿಲ್‌ನಲ್ಲಿ ಬಾಸ್ಟನ್. ಈ ಮೂರನ್ನೂ ಗೆದ್ದವರು ಅವರಿಗಿಂತ ಮೊದಲು ಯಾರೂ ಇರಲಿಲ್ಲ, ಗಂಡಸರಲ್ಲೂ.

ಈ ಗೆಲುವುಗಳಲ್ಲಿ ಗಮನಿಸಬೇಕಾದ್ದು ಅಂತರ. ಒಲಿಂಪಿಕ್ಸ್‌ನಲ್ಲಿ 16 ಸೆಕೆಂಡ್, ಲಂಡನ್ನಿನಲ್ಲಿ 7, ನ್ಯೂಯಾರ್ಕಿನಲ್ಲಿ 5, ಬಾಸ್ಟನ್ನಿನಲ್ಲಿ ಬರೀ 4. ಬಾಸ್ಟನ್ನಿನ ಕೊನೆಯ ಮೈಲಿಯಲ್ಲಿ ಅವರೂ ಇಥಿಯೋಪಿಯಾದ ಅಬಾಬೆಲ್ ಯೆಶಾನೆಯೂ ಒಬ್ಬರನ್ನೊಬ್ಬರು ಹಿಂದೆ ಹಾಕಿದ್ದು ಎಷ್ಟು ಸಲವೋ. ಎರಡು ಗಂಟೆಗೂ ಮಿಕ್ಕಿ ಓಡಿ, ಎಲ್ಲ ಬತ್ತಿಹೋಗಿರಬೇಕಾದ ಹೊತ್ತಿನಲ್ಲಿ ಇವರು ಇನ್ನಷ್ಟು ಜೋರಾಗಿ ಓಡುತ್ತಾರೆ. ಆ ಉಳಿಕೆ ಎಲ್ಲಿಂದ ಬರುತ್ತದೆ?

ಉತ್ತರಕ್ಕೆ ಮೊದಲು ಅಟ್ಟ ಹತ್ತಬೇಕು. ಕಾಯಿ ಹತ್ತು ಹನ್ನೊಂದು ತಿಂಗಳು ಅಟ್ಟದ ಮೇಲೆ ಕೂತು, ಒಳಗಿನ ನೀರು ಇಂಗಿ, ಕೈಯಲ್ಲಿ ಹಿಡಿದು ಅಲ್ಲಾಡಿಸಿದರೆ ಗಡಗಡ ಅಂದಾಗ ಅದು ಕೊಬ್ಬರಿ. ಅದರಲ್ಲಿ ಮೂರರಲ್ಲಿ ಎರಡು ಪಾಲು ಎಣ್ಣೆ. 100 ಗ್ರಾಂ ಕೊಬ್ಬರಿಯಲ್ಲಿ 650 ಕ್ಯಾಲೊರಿಗೂ ಹೆಚ್ಚು ಶಕ್ತಿಯಿದೆ. ಓಡುವ ಮನುಷ್ಯ ಪ್ರತಿ ಕಿಲೋಮೀಟರಿಗೆ, ತನ್ನ ತೂಕದ ಪ್ರತಿ ಕಿಲೋಗೆ ಹೆಚ್ಚುಕಡಿಮೆ ಒಂದು ಕ್ಯಾಲೊರಿ ಸುಡುತ್ತಾನೆ. ಅಂದರೆ 45 ಕಿಲೋ ತೂಗುವ ಓಟಗಾರ್ತಿಗೆ ಮ್ಯಾರಥಾನ್ ಮುಗಿಸಲು 1,900 ಕ್ಯಾಲೊರಿ ಬೇಕು. ಎರಡು ಮೂರು ಉಂಡೆ ಕೊಬ್ಬರಿಯೊಳಗೆ ಅಷ್ಟು ಶಕ್ತಿ ಅಡಗಿ ಕೂತಿದೆ! ಎಷ್ಟೇ ಬಡಕಲು ದೇಹದಲ್ಲೂ ಅದರ ಹಲವು ಪಟ್ಟು ಕೊಬ್ಬು ಇದ್ದೇ ಇರುತ್ತದೆ. ಹಾಗಾದರೆ ಸುಸ್ತು ಏಕೆ?

ಕೊಬ್ಬು ಕಾಯಿ ಮಟ್ಟೆಯ ಹಾಗೆ. ಒಲೆಗೆ ತುರುಕಿದರೆ ಬೆಳಗಿನವರೆಗೂ ಕೆಂಡ ಹಿಡಿದುಕೊಂಡಿರುತ್ತದೆ, ಆದರೆ ಹಂಡೆ ನೀರು ಬೇಗ ಕಾಯಬೇಕೆಂದರೆ ಒಣಗಿದ ಸೋಗೆಯೇ ಬೇಕು. ದೇಹಕ್ಕೆ ಸೋಗೆಯಂತಿರುವುದು ಗ್ಲೈಕೋಜೆನ್, ಅಂದರೆ ಮುದ್ದೆ, ಅನ್ನದಿಂದ ಬಂದ ಸಕ್ಕರೆಯನ್ನು ಸ್ನಾಯುಗಳೂ ಯಕೃತ್ತೂ ಕಟ್ಟಿಟ್ಟುಕೊಂಡ ರೂಪ. ಒಂದೇ ಅಳತೆಯ ಆಮ್ಲಜನಕದಲ್ಲಿ ಕೊಬ್ಬಿಗಿಂತ ಅದು ಹೆಚ್ಚು ಶಕ್ತಿ ಕೊಡುತ್ತದೆ, ಬೇಗನೆ ಕೊಡುತ್ತದೆ. ಆದರೆ ದಾಸ್ತಾನು ಕಮ್ಮಿ, ದೊಡ್ಡವರ ದೇಹದಲ್ಲಿ ಒಟ್ಟು ಅರ್ಧ ಕಿಲೋ ಆಸುಪಾಸು. ಆತುರಪಟ್ಟು ಓಡಿದವರ ಸೋಗೆ 30–35 ಕಿ.ಮೀ. ಹೊತ್ತಿಗೆ ಖಾಲಿ. ಆಮೇಲೆ ಮಟ್ಟೆಯ ಕೆಂಡವೇ ಗತಿ. ಕಾಲು ಸೀಸದಂತೆ ಭಾರವಾಗುತ್ತದೆ, ತಲೆ ಓಡುವುದಿಲ್ಲ, ಪಕ್ಕದಲ್ಲಿದ್ದವರು ದೂರವಾಗುತ್ತಾರೆ. ಹವ್ಯಾಸಿ ಓಟಗಾರರಲ್ಲಿ ಇದರ ರುಚಿ ನೋಡದವರು ಅಪರೂಪ.

ಜೆಪ್‌ಚಿರ್ಚಿರ್ ತರಹದವರ ದೇಹ ಇಲ್ಲೇ ಬೇರೆಯಾಗುವುದು. ವರ್ಷಗಟ್ಟಲೆ ವಾರಕ್ಕೆ ನೂರಾರು ಕಿಲೋಮೀಟರ್ ಓಡಿದ ಸ್ನಾಯುವಿನಲ್ಲಿ ಸೂಕ್ಷ್ಮ ರಕ್ತನಾಳಗಳು ಹೆಚ್ಚುತ್ತವೆ, ಇಂಧನ ಸುಡುವ ಮೈಟೊಕಾಂಡ್ರಿಯಾಗಳು ತುಂಬಿಕೊಳ್ಳುತ್ತವೆ. ಆಗ ವೇಗದ ಓಟದಲ್ಲೂ ಕೊಬ್ಬಿನ ಪಾಲು ಸ್ವಲ್ಪ ಏರುತ್ತದೆ, ಅಷ್ಟರಮಟ್ಟಿಗೆ ಸೋಗೆ ಉಳಿಯುತ್ತದೆ. ದಾರಿಯುದ್ದಕ್ಕೂ ಬಾಟಲಿಗಳಲ್ಲಿಟ್ಟ ಸಕ್ಕರೆ ಪಾನೀಯ ಗುಟುಕರಿಸುವುದೂ ಇದಕ್ಕೇ. ಜೊತೆಗೆ ಗುಂಪಿನ ಮರೆಯಲ್ಲಿ ಓಡಿದರೆ ಎದುರುಗಾಳಿಯ ಖರ್ಚು ತಪ್ಪುತ್ತದೆ. ಕೊನೆಯ 500 ಮೀಟರಿಗೆ, ಅಲ್ಲಿಯವರೆಗೆ ಹೆಚ್ಚು ದುಡಿಯದ ವೇಗದ ಸ್ನಾಯುನಾರುಗಳಲ್ಲಿ ಒಂದಿಷ್ಟು ಗ್ಲೈಕೋಜೆನ್ ಮಿಕ್ಕಿರುತ್ತದೆ. ಅವರ ಗೆಲುವೆಲ್ಲ ಆ ಮಿಕ್ಕಿದ್ದರಲ್ಲಿದೆ. ನೋಡುವವರಿಗೆ ಹಟದಂತೆ ಕಾಣುವುದರಲ್ಲಿ ಅರ್ಧ ಜಿಪುಣತನ.

ಕಾಲಿನ ಆಕಾರಕ್ಕೂ ಇದರಲ್ಲಿ ಪಾಲುಂಟು. ಕೀನ್ಯಾದ ಎತ್ತರದ ನಾಡಿನ ಕಲೆಂಜಿನ್ ಸಮುದಾಯದ ಓಟಗಾರರ ಮೀನಖಂಡ ಸಣ್ಣ. ದೋಟಿ ಹಿಡಿದು ಕಾಯಿ ಕೀಳುವವರಿಗೆ ಇದರ ಲಾಭ ಬಿಡಿಸಿ ಹೇಳಬೇಕಿಲ್ಲ. ಬುಡದಲ್ಲಿ ಅರ್ಧ ಕಿಲೋ ಹೆಚ್ಚಿದ್ದರೂ ನಡೆದೀತು, ತುದಿಯ ಕುಡುಗೋಲು ತುಸು ಭಾರವಾದರೆ ತೋಳು ಸೋಲುತ್ತದೆ. ಕಾಲೂ ಒಂದು ದೋಟಿಯೇ, ಸೊಂಟದಿಂದ ಬೀಸುವುದು. ಅದೇ ಭಾರವನ್ನು ನಡುವಿಗೆ ಕಟ್ಟಿಕೊಂಡಾಗ ಆಗುವುದಕ್ಕಿಂತ ಪಾದಕ್ಕೆ ಕಟ್ಟಿಕೊಂಡಾಗ ಖರ್ಚು ಹಲವು ಪಟ್ಟು ಏರುತ್ತದೆಂದು ಪ್ರಯೋಗಗಳು ತೋರಿಸಿವೆ. ಈಗಿನ ಹಗುರ ಬೂಟುಗಳ ಹಿಂದೆಯೂ ಇದೇ ಲೆಕ್ಕವಿದೆ.

ಇನ್ನು ಎತ್ತರ. ನಮ್ಮ ರಾಜ್ಯದಲ್ಲಿ ಮುಳ್ಳಯ್ಯನಗಿರಿಗಿಂತ ಎತ್ತರದ ನೆಲವಿಲ್ಲ, ಅದು 1,930 ಮೀಟರ್. ಜೆಪ್‌ಚಿರ್ಚಿರ್ ನೆಲೆಸಿರುವ ಕಪ್ಸಬೆತ್ ಹೆಚ್ಚುಕಡಿಮೆ ಅಷ್ಟೇ ಎತ್ತರದ ಊರು. ಓಟಗಾರರ ತವರೆನಿಸಿದ ಇಟೆನ್ ಇನ್ನೂ ಮೇಲೆ, ಸುಮಾರು 2,400 ಮೀಟರಿನಲ್ಲಿದೆ. ನಾವು ಗಿರಿ ಹತ್ತಿ ಏದುಸಿರು ಬಿಟ್ಟು ಫೋಟೊ ತೆಗೆಸಿಕೊಳ್ಳುವ ಗಾಳಿಯಲ್ಲಿ ಅಲ್ಲಿನ ಮಕ್ಕಳು ಶಾಲೆಗೆ ಹೋಗುತ್ತಾರೆ. ತೆಳುಗಾಳಿಯಲ್ಲಿ ಮೂತ್ರಪಿಂಡ ಎರಿತ್ರೊಪೊಯೆಟಿನ್ ಎಂಬ ಹಾರ್ಮೋನನ್ನು ಹೆಚ್ಚು ಬಿಡುತ್ತದೆ, ಮಜ್ಜೆ ಕೆಂಪು ರಕ್ತಕಣಗಳನ್ನು ಹೆಚ್ಚು ಮಾಡುತ್ತದೆ, ರಕ್ತ ಹೆಚ್ಚು ಆಮ್ಲಜನಕ ಹೊರುತ್ತದೆ. ಆದರೂ ಎತ್ತರವೊಂದೇ ಕಾರಣವಾಗಿದ್ದರೆ ಜಗತ್ತಿನ ಎಲ್ಲ ಬೆಟ್ಟದ ಊರುಗಳಿಂದಲೂ ಚಾಂಪಿಯನ್ನರು ಇಳಿದು ಬರಬೇಕಿತ್ತು. ಎಷ್ಟೋ ವರ್ಷ ಹುಡುಕಿದ ವಿಜ್ಞಾನಿಗಳಿಗೆ ‘ಓಟದ ಜೀನ್’ ಎಂಬ ಒಂದೇ ಒಂದು ಕೀಲಿಯೂ ಸಿಕ್ಕಿಲ್ಲ.

ತಟ್ಟೆಯ ವಿಷಯ ಮಾತ್ರ ನಮಗೆ ಹತ್ತಿರದ್ದು. ಕೀನ್ಯಾದ ಓಟಗಾರರ ಊಟದಲ್ಲಿ ಶಕ್ತಿಯ ಮುಕ್ಕಾಲು ಪಾಲು ಶರ್ಕರಪಿಷ್ಟದಿಂದ ಬರುತ್ತದೆ. ಮುಖ್ಯ ಅಡುಗೆ ಉಗಾಲಿ, ಕುದಿವ ನೀರಿಗೆ ಮುಸುಕಿನ ಜೋಳದ ಹಿಟ್ಟು ಸುರಿದು ತೊಳಸಿದ ಮುದ್ದೆ. ಮುರಿದು ಸೊಪ್ಪಿನ ಪಲ್ಯದ ಜೊತೆ ತಿನ್ನುತ್ತಾರೆ. ರಾಗಿಗೆ ಅಲ್ಲಿ ವಿಂಬಿ ಎಂದು ಹೆಸರು, ಗಂಜಿ ಕಾಯಿಸಿ ಕುಡಿಯುತ್ತಾರೆ. ಸಸ್ಯವಿಜ್ಞಾನಿಗಳ ಪ್ರಕಾರ ರಾಗಿಯ ತವರು ಪೂರ್ವ ಆಫ್ರಿಕದ ಎತ್ತರದ ನಾಡೇ. ಸಾವಿರಾರು ವರ್ಷಗಳ ಹಿಂದೆ ಅದು ಕಡಲು ದಾಟಿ ಬಂದು ನಮ್ಮ ಒಲೆಯ ಮೇಲೆ ಕೂತಿತು. ಮುದ್ದೆ ಉಂಡವರೆಲ್ಲ ಓಟಗಾರರಾಗುವುದಿಲ್ಲ ಎಂಬುದಕ್ಕೆ ನಾವೇ ಸಾಕ್ಷಿ.

ಸೆಕೆಯ ಲೆಕ್ಕ ಬೇರೆಯೇ ಇದೆ. ಓಡುವಾಗ ಸುಟ್ಟ ಇಂಧನದಲ್ಲಿ ಕಾಲುಭಾಗ ಮಾತ್ರ ಓಟಕ್ಕೆ, ಉಳಿದದ್ದೆಲ್ಲ ಕಾವು. ಅದನ್ನು ಹೊರಹಾಕಲು ದೇಹಕ್ಕಿರುವ ದೊಡ್ಡ ದಾರಿ ಬೆವರು, ಅದೂ ಆರಿದರೆ ಮಾತ್ರ. ಮಳೆಗಾಲದಲ್ಲಿ ಕೊಬ್ಬರಿ ಒಣಗಲೊಲ್ಲದೆ ಕಾಡುವುದೂ, ಒದ್ದೆಗಾಳಿಯಲ್ಲಿ ಓಟಗಾರರು ಕುಸಿಯುವುದೂ ಒಂದೇ ಭೌತವಿಜ್ಞಾನ: ತೇವ ತುಂಬಿದ ಗಾಳಿ ಇನ್ನಷ್ಟು ತೇವ ಹೀರದು. ಟೋಕಿಯೊ ಒಲಿಂಪಿಕ್ಸ್‌ನ ಮ್ಯಾರಥಾನನ್ನು ಸೆಕೆಗೆ ಹೆದರಿ ಉತ್ತರದ ಸಪ್ಪೊರೊ ನಗರಕ್ಕೆ ಒಯ್ದರು. ಅಲ್ಲೂ ಬಿಸಿಲು ಬಿಡಲಿಲ್ಲ. ಹಿಂದಿನ ರಾತ್ರಿಯಷ್ಟೇ ತೀರ್ಮಾನಿಸಿ, ಮಹಿಳೆಯರ ಓಟವನ್ನು ಒಂದು ಗಂಟೆ ಮೊದಲೇ, ಬೆಳಗಿನ ಆರಕ್ಕೇ ಶುರುಮಾಡಿದರು. ಆಗಿನ ವಿಶ್ವ ಚಾಂಪಿಯನ್ ರೂತ್ ಚೆಪ್‌ಂಗೆಟಿಚ್ ನಡುವೆಯೇ ಬಿಟ್ಟರು. ಜೆಪ್‌ಚಿರ್ಚಿರ್ 2:27:20ರಲ್ಲಿ ಮುಗಿಸಿದರು. ಅವರ ಲಂಡನ್ ಓಟಕ್ಕಿಂತ ಹನ್ನೊಂದು ನಿಮಿಷ ನಿಧಾನ, ಆದರೂ ಚಿನ್ನ. ಅಂದ ಹಾಗೆ, ಇಂಥ ಓಟಕ್ಕೆ ನಮ್ಮ ಎಳನೀರೊಂದೇ ಸಾಲದು. ಬೆವರಿನಲ್ಲಿ ಹೆಚ್ಚಾಗಿ ಹೋಗುವುದು ಸೋಡಿಯಂ, ಎಳನೀರಿನಲ್ಲಿ ಧಾರಾಳವಾಗಿರುವುದು ಪೊಟ್ಯಾಶಿಯಂ. ಒಂದು ಚಿಟಿಕೆ ಉಪ್ಪು ಬೆರೆಸಿದರೆ ಬೇರೆ ಮಾತು.

ಆಫ್ರಿಕದ ಹೆಣ್ಣುಮಕ್ಕಳು ಈ ಓಟಕ್ಕೆ ಬಂದದ್ದು ಈಚೆಗೆ. ಒಲಿಂಪಿಕ್ಸ್‌ನಲ್ಲಿ ಮಹಿಳೆಯರ ಮ್ಯಾರಥಾನ್ ಶುರುವಾದದ್ದೇ 1984ರಲ್ಲಿ. 1994ರಲ್ಲಿ ಕೀನ್ಯಾದ ಟೆಗ್ಲಾ ಲೊರೂಪೆ ನ್ಯೂಯಾರ್ಕ್ ಗೆದ್ದರು, 1996ರಲ್ಲಿ ಇಥಿಯೋಪಿಯಾದ ಫತುಮಾ ರೋಬಾ ಒಲಿಂಪಿಕ್ ಚಿನ್ನ ಗೆದ್ದರು. ಆಮೇಲೆ ದುಡ್ಡು ಬಂತು, ದುಡ್ಡಿನ ಹಿಂದೆ ಬರುವುದೆಲ್ಲ ಬಂತು. 2024ರಲ್ಲಿ 2:09:56ರ ವಿಶ್ವದಾಖಲೆ ಬರೆದ ಚೆಪ್‌ಂಗೆಟಿಚ್‌ಗೆ ಮರುವರ್ಷ ಉದ್ದೀಪನ ಮದ್ದಿನ ಪ್ರಕರಣದಲ್ಲಿ ಮೂರು ವರ್ಷ ನಿಷೇಧ ಬಿತ್ತು. ಅದಕ್ಕಿಂತ ನೋವಿನದು ಆಗ್ನೆಸ್ ಟಿರೋಪ್ ಕಥೆ. 2018 ಮತ್ತು 2019ರಲ್ಲಿ ಬೆಂಗಳೂರಿನ 10ಕೆ ಗೆದ್ದವರು ಅವರು. 2021ರ ಸೆಪ್ಟೆಂಬರಿನಲ್ಲಿ ಮಹಿಳೆಯರದ್ದೇ ಓಟದಲ್ಲಿ 10 ಕಿ.ಮೀ. ವಿಶ್ವದಾಖಲೆ ಬರೆದರು, ಮುಂದಿನ ತಿಂಗಳು ಇಟೆನ್‌ನ ಮನೆಯಲ್ಲಿ ಕೊಲೆಯಾಗಿ ಸಿಕ್ಕರು. ವಯಸ್ಸು 25. ಓಟಗಾರ್ತಿಯ ದೇಹದ ಬಗ್ಗೆ ಎಷ್ಟು ಬರೆದರೂ, ಆ ದೇಹ ತನ್ನ ಮನೆಯಲ್ಲೇ ಸುರಕ್ಷಿತವಾಗಿರಲಿಲ್ಲ ಎಂಬುದನ್ನು ಬಿಟ್ಟು ಬರೆಯಲಾಗದು.

ನಮ್ಮಲ್ಲಿ ಇಂಥವರು ಏಕಿಲ್ಲ ಎಂಬ ಪ್ರಶ್ನೆ ಸಹಜ. ಭಾರತದ ಒ.ಪಿ. ಜೈಷಾ 2015ರಲ್ಲಿ ಬೀಜಿಂಗ್‌ನಲ್ಲಿ 2:34:43ರ ರಾಷ್ಟ್ರೀಯ ದಾಖಲೆ ಬರೆದರು. ಜೆಪ್‌ಚಿರ್ಚಿರ್ ಅವರ ಲಂಡನ್ ಓಟಕ್ಕೂ ಅದಕ್ಕೂ ಹದಿನೆಂಟು ನಿಮಿಷದ ಅಂತರ. ತರಬೇತಿ, ದುಡ್ಡು, ಮೈದಾನ ಎಲ್ಲ ಆಮೇಲಿನ ಮಾತು. ಕರ್ನಾಟಕದ ಹೆಂಗಸರಲ್ಲಿ ಅರ್ಧಕ್ಕರ್ಧ ಮಂದಿಗೆ ರಕ್ತಹೀನತೆಯಿದೆ ಎನ್ನುತ್ತದೆ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ. ಆಮ್ಲಜನಕ ಹೊರುವ ಹಿಮೋಗ್ಲೋಬಿನ್ನೇ ಕಮ್ಮಿಯಿದ್ದರೆ ಯಾವ ಬೂಟು ಹಾಕಿದರೇನು?

ಜೆಪ್‌ಚಿರ್ಚಿರ್ ಸೋತದ್ದೂ ಉಂಟು. ಪ್ಯಾರಿಸ್ ಒಲಿಂಪಿಕ್ಸ್‌ನ ಏರುದಾರಿಯಲ್ಲಿ ಅವರಿಗೆ ಸಿಕ್ಕಿದ್ದು 15ನೆಯ ಸ್ಥಾನ. ಲೆಕ್ಕ ಮುಗಿಯಿತು ಎಂದವರಿದ್ದರು. ಮರುವರ್ಷ, 2025ರ ಸೆಪ್ಟೆಂಬರ್ 14ರಂದು, ಟೋಕಿಯೊದ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಅವರೂ ಇಥಿಯೋಪಿಯಾದ ಟಿಗಿಸ್ಟ್ ಅಸೆಫಾ ಅವರೂ ಒಟ್ಟಿಗೆ ಕ್ರೀಡಾಂಗಣ ಹೊಕ್ಕರು. ಅಸೆಫಾ ಮುಂದೆ ಇದ್ದರು. ಕೊನೆಯ 100 ಮೀಟರಿನಲ್ಲಿ ಜೆಪ್‌ಚಿರ್ಚಿರ್ ಅವರನ್ನು ದಾಟಿದರು. 2:24:43, 2:24:45. ಆ ಓಟದ ವೇಗದಲ್ಲಿ ಎರಡು ಸೆಕೆಂಡಿಗೆ ಹತ್ತು ಮೀಟರಿಗೂ ತುಸು ಕಮ್ಮಿ ದೂರ. ಹಗ್ಗ ಹಿಡಿದು ಅಳೆದರೆ ಸಾಲಿನ ಒಂದು ತೆಂಗಿನ ಬುಡದಿಂದ ಮುಂದಿನ ಬುಡಕ್ಕೆ.